ಗೆಣಸು ಅಗೆಯುವ ಕೈ

27 ಮೇ 2025, ಮಂಗಳವಾರ

ಇವತ್ತು ನಟಿ ಫಾತೆನ್ ಹಮಾಮಾ ಹುಟ್ಟಿದ ದಿನ. ಈಜಿಪ್ಟಿನವರು ಆಕೆಯನ್ನು ‘ಅರಬ್ ಬೆಳ್ಳಿತೆರೆಯ ಒಡತಿ’ ಅಂತ ಕರೆಯುತ್ತಾರೆ. ಬದುಕಿದ್ದರೆ 94 ತುಂಬುತ್ತಿತ್ತು. ಅದೇ ನೆಪದಲ್ಲಿ ನಿನ್ನೆ ರಾತ್ರಿ ‘ಅಲ್ ಹರಾಮ್’ ಮತ್ತೆ ನೋಡಿದೆ. 1965ರ ಕಪ್ಪು ಬಿಳುಪು ಚಿತ್ರ, ಹೆನ್ರಿ ಬರಕಾತ್ ನಿರ್ದೇಶನ. ಆಮೇಲೆ ನಿದ್ದೆ ಹತ್ತಲೇ ಇಲ್ಲ.

ಅದರಲ್ಲಿ ಆಕೆ ಅಜೀಜಾ, ಗುಳೆ ಬಂದು ಹೊಲದಲ್ಲಿ ದುಡಿಯುವ ಹೆಂಗಸು. ಕಾಯಿಲೆ ಬಿದ್ದ ಗಂಡನಿಗೆ ಗೆಣಸು ತಿನ್ನುವ ಆಸೆ. ಅವನಿಗೋಸ್ಕರ ಯಾರದೋ ಹೊಲದಲ್ಲಿ ಕೂತು ಮಣ್ಣು ಕೆದಕುತ್ತಾಳೆ. ಅಲ್ಲೇ ಅವಳ ಮೇಲೆ ಅತ್ಯಾಚಾರ ಆಗುತ್ತದೆ. ಮುಂದೆ ಬಸಿರನ್ನು ಬಟ್ಟೆಯಲ್ಲಿ ಬಿಗಿದುಕೊಂಡು ಎಲ್ಲರ ಜೊತೆ ಬಗ್ಗಿ ಕೂಲಿ ಮಾಡುತ್ತಾಳೆ. ಹೆರಿಗೆ ಒಬ್ಬಳೇ, ಬಯಲಲ್ಲಿ. ಅಳು ಯಾರಿಗೂ ಕೇಳಬಾರದು ಅಂತ ಮಗುವಿನ ಬಾಯಿ ಮುಚ್ಚುತ್ತಾಳೆ. ಕೈ ತೆಗೆಯುವಷ್ಟರಲ್ಲಿ ಉಸಿರು ನಿಂತಿರುತ್ತದೆ. ಆ ಹೊತ್ತಿನ ಅವಳ ಕಣ್ಣು ನನ್ನನ್ನು ಬಿಡುತ್ತಿಲ್ಲ.

ಆಕೆಯನ್ನು ಸುಮ್ನೆ ‘ಒಮರ್ ಷರೀಫ್ ಹೆಂಡತಿ’ ಅಂದುಬಿಡುವವರನ್ನು ಕಂಡರೆ ನನಗೆ ಬೇಜಾರು. 1954ರಲ್ಲಿ ನಿರ್ದೇಶಕ ಯೂಸುಫ್ ಶಾಹೀನ್ ಚಿತ್ರದಲ್ಲಿ ನಟ ಷರೀಫ್ ಮೊದಲ ಸಲ ತೆರೆಗೆ ಬಂದಾಗ ಆಕೆ ಆಗಲೇ ದೊಡ್ಡ ತಾರೆ. ಮದುವೆ ಆಗಿದ್ದು ಮರುವರ್ಷ. ಗಾಯಕ ಅಬ್ದುಲ್ ವಹಾಬ್ ಜೊತೆ ನಟಿಸಿದಾಗ ಆಕೆ ಇನ್ನೂ ಪುಟ್ಟ ಹುಡುಗಿ.

ನನಗೆ ಎಲ್ಲಕ್ಕಿಂತ ಜಾಸ್ತಿ ಬೇಕಾದ ಚಿತ್ರ ‘ಉರೀದು ಹಲ್ಲನ್’. ‘ನನಗೊಂದು ಪರಿಹಾರ ಬೇಕು’ ಅಂತ ಅರ್ಥ. 1975ರದು. ಅದರಲ್ಲಿ ಆಕೆ ದುರ್ರಿಯಾ, ಗಂಡನಿಂದ ಬಿಡುಗಡೆ ಬೇಡಿ ವರ್ಷಗಟ್ಟಲೆ ಕೋರ್ಟು ಅಲೆಯುತ್ತಾಳೆ. ಕೊನೆಗೂ ಗೆಲ್ಲುವುದಿಲ್ಲ. ಅದೇ ಕೋರ್ಟಿನ ಪಡಸಾಲೆಯಲ್ಲಿ ಅಮೀನಾ ರಿಜ್ಕ್ ಮಾಡಿದ ಮುದುಕಿಯನ್ನು ನೋಡಬೇಕು, ಗಂಡ ಕೈಬಿಟ್ಟ ಜೀವ. ಆ ಚಿತ್ರ ಬಂದಮೇಲೆ ಈಜಿಪ್ಟಿನಲ್ಲಿ ವಿಚ್ಛೇದನದ ಕಾನೂನಿನ ಬಗ್ಗೆ ಜೋರು ಚರ್ಚೆ ಆಯಿತು. 1979ರಲ್ಲಿ ಕಾನೂನು ಬದಲಾಯಿತು. ಜೀವನಾಂಶ, ಮೆಹರ್ (ಮದುವೆಯಲ್ಲಿ ಗಂಡ ಕೊಡುವ ವಧುಧನ) ಬಿಟ್ಟುಕೊಟ್ಟರೆ ಹೆಂಗಸು ತಾನೇ ಕೋರ್ಟಿಗೆ ಹೋಗಿ ಬಿಡುಗಡೆ ಪಡೆಯುವ ‘ಖುಲಾ’ ಕಾನೂನು ಬರಲು 2000ದವರೆಗೆ ಕಾಯಬೇಕಾಯಿತು. ಎಷ್ಟು ದುರ್ರಿಯಾಗಳು ಕಾದಿರಬಹುದು, ಅಲ್ವಾ?

ಅರವತ್ತು ವರ್ಷ ವಯಸ್ಸಿನ ಹೊತ್ತಿಗೆ ಆಕೆ ಟಿವಿಗೂ ಬಂದರು. ‘ದಮೀರ್ ಅಬ್ಲಾ ಹಿಕ್ಮತ್’ ಧಾರಾವಾಹಿಯಲ್ಲಿ ಶಾಲೆಯ ಹೆಡ್ಮೇಡಂ. ನಾಳೆ ರಾತ್ರಿ ಮೊದಲ ಕಂತಿನಿಂದ ಶುರು ಮಾಡುತ್ತೇನೆ.