ಶೇಕಡಾ 70 ಎಂದಾಗ ಉಳಿದ 30

ರೈತರೊಬ್ಬರು ನಮ್ಮ ವಾಹಿನಿಗೆ ಬರೆದ ಪತ್ರವೊಂದು ಇಂದಿಗೂ ನನ್ನ ಮೇಜಿನ ಖಾನೆಯಲ್ಲಿದೆ. "ನಾಳೆ ಮಳೆಯಿಲ್ಲ ಎಂಬ ನಿಮ್ಮ ಮಾತು ನಂಬಿ ಕಾಳನ್ನು ಕಣದಲ್ಲಿ ಹರವಿದ್ದೆ." ಇಷ್ಟೇ ಇದ್ದದ್ದು. ಬೈಗುಳವಿಲ್ಲ, ಪರಿಹಾರದ ಬೇಡಿಕೆಯಿಲ್ಲ. ಬೈದಿದ್ದರೆ ಅದನ್ನು ಮರೆಯುವುದು ಸುಲಭವಾಗುತ್ತಿತ್ತು.

ಟೆಲಿವಿಷನ್‌ನಲ್ಲಿ ಹವಾಮಾನ ತಜ್ಞನಾಗಿ ನಾನು ಕೆಲಸ ಆರಂಭಿಸಿ ಆಗ ಏಳು ವರ್ಷಗಳಾಗಿದ್ದವು. ಆ ಸಂಜೆ ನನ್ನ ಮುಂದಿದ್ದ ಲೆಕ್ಕವು ಮಳೆಯಿಲ್ಲ ಎಂದು ಹೇಳಿರಲಿಲ್ಲ, ಮಳೆಯ ಸಾಧ್ಯತೆ ಶೇಕಡಾ 20 ಎಂದಿತ್ತು. ವಾರ್ತೆಯ ಕೊನೆಯಲ್ಲಿ ಬರುವುದು ಹವಾಮಾನ. ಅದಕ್ಕಿಂತ ಮೊದಲಿನ ಸುದ್ದಿಗಳು ಹಿಗ್ಗಿದರೆ ಕತ್ತರಿ ಬೀಳುವುದು ನಮ್ಮ ಸಮಯಕ್ಕೆ. ಎರಡೂವರೆ ನಿಮಿಷ ಇರಬೇಕಾದದ್ದು ಅಂದು ಒಂದು ನಿಮಿಷಕ್ಕೆ ಇಳಿಯಿತು. "ಬರುತ್ತದೆಯೋ ಇಲ್ಲವೋ, ಒಂದೇ ಮಾತಿನಲ್ಲಿ ಹೇಳಿಬಿಡಿ" ಎಂದು ನಿರ್ಮಾಪಕರು ಕಿವಿಯಲ್ಲಿ ಹೇಳಿದರು. ಇಲ್ಲ ಎಂದು ಹೇಳಿಬಿಟ್ಟೆ. ಮರುದಿನ ಮಧ್ಯಾಹ್ನ ಮಳೆ ಸುರಿಯಿತು.

ಹಲವು ದಿನಗಳವರೆಗೆ ನನ್ನನ್ನು ನಾನೇ ಸಮರ್ಥಿಸಿಕೊಂಡೆ. ಶೇಕಡಾ 20 ಎಂದರೆ ಐದರಲ್ಲಿ ಒಂದು ಸಲ ಮಳೆ ಬರಲೇಬೇಕಲ್ಲವೇ, ಲೆಕ್ಕ ತಪ್ಪಲಿಲ್ಲವಲ್ಲ ಎಂದುಕೊಂಡೆ. ಲೆಕ್ಕವೇನೋ ತಪ್ಪಿರಲಿಲ್ಲ. ಆದರೆ ಆ ರೈತರಿಗೆ ನಾನು ಲೆಕ್ಕವನ್ನು ಕೊಟ್ಟಿರಲೇ ಇಲ್ಲ. ಇದು ನನಗೆ ಸರಿಯಾಗಿ ಅರ್ಥವಾದದ್ದು ಸ್ಟುಡಿಯೊದಲ್ಲಿ ಅಲ್ಲ, ಗಾಲ್ಫ್ ಮೈದಾನದಲ್ಲಿ.

ಅದೇ ವರ್ಷ ಒಂದು ವೃತ್ತಿಪರ ಗಾಲ್ಫ್ ಪಂದ್ಯಾವಳಿಗೆ ಹವಾಮಾನ ಸಲಹೆ ನೀಡಲು ನನ್ನನ್ನು ಒಂದು ವಾರದ ಮಟ್ಟಿಗೆ ಕಳುಹಿಸಿದರು. ಗಾಲ್ಫ್‌ಗೆ ಹವಾಮಾನ ತಜ್ಞರು ಏಕೆ ಬೇಕು ಎಂದು ಹಲವರು ಕೇಳುತ್ತಾರೆ. ಬಯಲು, ಅಲ್ಲಲ್ಲಿ ಒಂಟಿ ಮರಗಳು, ಕೈಯಲ್ಲಿ ಲೋಹದ ದಾಂಡು, ಸುತ್ತ ಸಾವಿರಾರು ಪ್ರೇಕ್ಷಕರು: ಸಿಡಿಲಿಗೆ ಇದಕ್ಕಿಂತ ಅನುಕೂಲದ ಜಾಗ ಸಿಗುವುದು ಕಷ್ಟ. 1975ರಲ್ಲಿ ಷಿಕಾಗೊ ಬಳಿ ನಡೆದ ವೆಸ್ಟರ್ನ್ ಓಪನ್‌ನಲ್ಲಿ ಲೀ ಟ್ರೆವಿನೊ ಸೇರಿದಂತೆ ಆಟಗಾರರು ಸಿಡಿಲಿನ ಆಘಾತಕ್ಕೆ ಒಳಗಾದರು. ಟ್ರೆವಿನೊ ಬದುಕಿದರು, ಆದರೆ ಬೆನ್ನಿನ ನೋವು ಬಹಳ ಕಾಲ ಅವರನ್ನು ಕಾಡಿತು. 1991ರಲ್ಲಿ ಅಮೆರಿಕದ ಹೇಜಲ್ಟೀನ್ ಮೈದಾನದಲ್ಲಿ ನಡೆದ ಯು.ಎಸ್. ಓಪನ್‌ನಲ್ಲಿ ಮರದಡಿ ನಿಂತಿದ್ದ ಪ್ರೇಕ್ಷಕರ ಮೇಲೆ ಸಿಡಿಲು ಬಡಿದು ಒಬ್ಬರು ಸತ್ತರು. ಅದೇ ವರ್ಷ ಆಗಸ್ಟ್‌ನಲ್ಲಿ ಇಂಡಿಯಾನಾದಲ್ಲಿ ನಡೆದ ಪಿಜಿಎ ಚಾಂಪಿಯನ್‌ಶಿಪ್‌ನಲ್ಲಿಯೂ ಒಬ್ಬ ಪ್ರೇಕ್ಷಕರು ಸಿಡಿಲಿಗೆ ಬಲಿಯಾದರು.

ಆದ್ದರಿಂದಲೇ ನಿಯಮ ಕಟ್ಟುನಿಟ್ಟು. ಸೈರನ್ ಒಂದೇ ಸಮನೆ ದೀರ್ಘವಾಗಿ ಮೊಳಗಿತೆಂದರೆ ಆ ಕ್ಷಣವೇ ಆಟ ನಿಲ್ಲಬೇಕು. ಚೆಂಡನ್ನು 'ಟೀ' ಎಂಬ ಪುಟ್ಟ ಗೂಟದ ಮೇಲೆ ಇಟ್ಟು ದಾಂಡನ್ನು ಎತ್ತಲು ಸಿದ್ಧರಾಗಿದ್ದವರೂ ಹೊಡೆಯುವಂತಿಲ್ಲ, ಹೊಡೆದರೆ ಅನರ್ಹತೆ. ಆ ಸೈರನ್ ಮೊಳಗಿಸಿ ಎಂದು ಹೇಳಬೇಕಾದವನು ನಾನು. ಮಿಂಚು ಕಂಡು 30 ಸೆಕೆಂಡಿನೊಳಗೆ ಗುಡುಗು ಕೇಳಿದರೆ ಸಿಡಿಲು ಸುಮಾರು ಹತ್ತು ಕಿಲೋಮೀಟರ್ ಒಳಗಿದೆ ಎಂದು ಅರ್ಥ. ಆದರೆ ಗುಡುಗು ಕೇಳುವವರೆಗೆ ಕಾಯುತ್ತ ಕುಳಿತರೆ ಅಷ್ಟು ಜನರನ್ನು ಸುರಕ್ಷಿತ ಜಾಗಕ್ಕೆ ಸಾಗಿಸಲು ಸಮಯ ಉಳಿಯುವುದಿಲ್ಲ. ಮೋಡ ಇನ್ನೂ ದೂರದಲ್ಲಿರುವಾಗಲೇ, ಅದು ಇತ್ತ ಬರುತ್ತದೆಂಬ ಖಾತ್ರಿಯಿಲ್ಲದಿರುವಾಗಲೇ ನಿರ್ಧಾರವಾಗಬೇಕು. ಸುಮ್ಮನೆ ನಿಲ್ಲಿಸಿದರೆ ಆಡುವ ಬೆಳಕು ಕಳೆದುಹೋಗುತ್ತದೆ, ನಾಲ್ಕು ದಿನಗಳ ವೇಳಾಪಟ್ಟಿಯೇ ಏರುಪೇರಾಗುತ್ತದೆ. ನಿಲ್ಲಿಸದಿದ್ದರೆ ಏನಾಗಬಹುದು ಎಂಬುದು ಎಲ್ಲರಿಗೂ ಗೊತ್ತಿತ್ತು. ಸ್ಟುಡಿಯೊದಲ್ಲಿ ನಾನು ಮಾತನಾಡುವುದು ಬರಿಯ ಹಸಿರು ಗೋಡೆಯ ಮುಂದೆ; ನನ್ನ ಬೆನ್ನ ಹಿಂದೆ ನಿಮಗೆ ಕಾಣುವ ನಕ್ಷೆ ನನಗೆ ಕಾಣುವುದು ಪಕ್ಕದ ಪರದೆಯಲ್ಲಿ ಮಾತ್ರ. ನನ್ನ ಮಾತು ಯಾರನ್ನು ತಲುಪುತ್ತದೆ ಎಂಬುದಂತೂ ಕಾಣುವುದೇ ಇಲ್ಲ. ಇಲ್ಲಿ ಅವರು ಕಣ್ಣೆದುರೇ ಛತ್ರಿ ಹಿಡಿದು ನಿಂತಿದ್ದರು.

ಆಟಗಾರರಿಗೆಂದು ಪ್ರತಿದಿನ ಬೆಳಿಗ್ಗೆ ಸೂಚನಾ ಫಲಕದಲ್ಲಿ ಮುನ್ಸೂಚನೆಯನ್ನು ಅಂಟಿಸುತ್ತಿದ್ದೆ. ಎಲ್ಲರಿಗೂ ಒಂದೇ ಹಾಳೆ. ಬುಧವಾರ ಬೆಳಿಗ್ಗೆ ಒಬ್ಬ ಆಟಗಾರರು ಅದರ ಮುಂದೆ ಬಹಳ ಹೊತ್ತು ನಿಂತಿದ್ದರು. ವಯಸ್ಸು ಮೂವತ್ತೆಂಟರ ಆಸುಪಾಸು. ಅವರ ಹೆಸರನ್ನು ನಾನು ಎಲ್ಲಿಯೂ ಓದಿರಲಿಲ್ಲ. ತಿರುಗಿ ನನ್ನನ್ನು ಕೇಳಿದರು: "ಶುಕ್ರವಾರ ಮಧ್ಯಾಹ್ನ ಜೋರು ಗಾಳಿಯ ಸಾಧ್ಯತೆ ಶೇಕಡಾ 70 ಎಂದು ಬರೆದಿದ್ದೀರಿ. ನೀವು 70 ಎಂದು ಬರೆದಾಗಲೆಲ್ಲ ಹತ್ತರಲ್ಲಿ ಏಳು ಸಲ ಹಾಗೆಯೇ ಆಗುತ್ತದೆಯೇ?"

ನನ್ನ ಬಳಿ ಉತ್ತರವಿರಲಿಲ್ಲ. ಏಳು ವರ್ಷಗಳಲ್ಲಿ ಸಾವಿರಾರು ಮುನ್ಸೂಚನೆಗಳನ್ನು ಹೇಳಿದ್ದೆ, ಒಮ್ಮೆಯೂ ಹಿಂದಿರುಗಿ ಎಣಿಸಿರಲಿಲ್ಲ.

ಅವರು ಹದಿನಾಲ್ಕು ವರ್ಷಗಳಿಂದ ವೃತ್ತಿಪರರಾಗಿ ಆಡುತ್ತಿದ್ದರು. ಒಂದೂ ದೊಡ್ಡ ಗೆಲುವಿಲ್ಲ. ಟೆಲಿವಿಷನ್‌ನಲ್ಲಿ ನಾವು ನೋಡುವುದು ಭಾನುವಾರ ಸಂಜೆ ಟ್ರೋಫಿ ಎತ್ತುವವರನ್ನು. ಇಂಥವರ ಬದುಕು ಗುರುವಾರ ಮತ್ತು ಶುಕ್ರವಾರಗಳಲ್ಲೇ ತೀರ್ಮಾನವಾಗುತ್ತದೆ. ಎರಡು ದಿನಗಳ 36 ಕುಳಿಗಳ ಆಟ ಮುಗಿದ ಮೇಲೆ 'ಕಟ್' ಎಂಬ ಗೆರೆ ಬೀಳುತ್ತದೆ. ಅಮೆರಿಕದ ವೃತ್ತಿಪರ ಗಾಲ್ಫ್ ಸರಣಿಯಾದ ಪಿಜಿಎ ಟೂರ್‌ನ ಸಾಮಾನ್ಯ ಪಂದ್ಯಾವಳಿಗಳಲ್ಲಿ ಮೊದಲ 65 ಸ್ಥಾನಗಳಲ್ಲಿ ಇರುವವರು ಮತ್ತು ಕೊನೆಯ ಸ್ಥಾನದಲ್ಲಿ ಸಮಬಲರಾದವರು ಮಾತ್ರ ಮುಂದುವರಿಯುತ್ತಾರೆ. ಒಂದೇ ಒಂದು ಹೊಡೆತದಿಂದ ಗೆರೆ ತಪ್ಪಿದರೂ ಆ ವಾರ ಬಹುಮಾನದ ಹಣವಿಲ್ಲ. ಪ್ರಯಾಣ, ವಸತಿ, ದಾಂಡುಗಳ ಚೀಲ ಹೊರುವ ಕ್ಯಾಡಿಯ ಸಂಬಳ ಎಲ್ಲವೂ ಕೈಯಿಂದಲೇ. ಟೂರ್ ಕಾರ್ಡ್, ಅಂದರೆ ಟೂರ್‌ನಲ್ಲಿ ಆಡುವ ಹಕ್ಕು, ಇಲ್ಲದವರಿಗೆ ಸೋಮವಾರದ ಅರ್ಹತಾ ಸುತ್ತೂ ಇರುತ್ತದೆ. ಒಂದೇ ದಿನ, 18 ಕುಳಿ, ಹೆಚ್ಚೆಂದರೆ ನಾಲ್ಕೇ ಸ್ಥಾನ. ಆ ನಾಲ್ಕಕ್ಕಾಗಿ ಬರುವವರಲ್ಲಿ ಆಡಲು ಬಾರದವರು ಒಬ್ಬರೂ ಇರುವುದಿಲ್ಲ.

1991ರ ಅದೇ ಪಿಜಿಎ ಚಾಂಪಿಯನ್‌ಶಿಪ್‌ಗೆ ಜಾನ್ ಡೇಲಿ ಕಾಯುವ ಪಟ್ಟಿಯಲ್ಲಿ ಒಂಬತ್ತನೆಯವರಾಗಿದ್ದರು. ಕೊನೆಯ ಗಳಿಗೆಯಲ್ಲಿ ಜಾಗ ಸಿಕ್ಕಿತು, ಪ್ರಶಸ್ತಿಯನ್ನೇ ಗೆದ್ದರು. ನಾನು ಆ ಮಾತು ತೆಗೆದಾಗ ನನ್ನನ್ನು ಪ್ರಶ್ನಿಸಿದ್ದ ಆ ಆಟಗಾರರು ಹೇಳಿದರು: "ಆ ಕಥೆಯನ್ನು ನನಗೆ ಎಲ್ಲರೂ ಹೇಳುತ್ತಾರೆ. ಕಾಯುವ ಪಟ್ಟಿಯಿಂದ ಮನೆಗೆ ಹೋದವರ ಕಥೆಯನ್ನು ಯಾರೂ ಹೇಳುವುದಿಲ್ಲ. ನನಗೆ ಎರಡೂ ಬೇಕು."

ಅವರ ಬಳಿ ಅಂಚು ಸವೆದ ಒಂದು ನೋಟ್‌ಬುಕ್ ಇತ್ತು. ಪ್ರತಿ ಸುತ್ತಿನ ನಂತರ ಮುಖ್ಯವಾದ ಹೊಡೆತಗಳನ್ನು ಅದರಲ್ಲಿ ಮೂರು ಕಾಲಂಗಳಲ್ಲಿ ಬರೆಯುತ್ತಿದ್ದರು. ಆಯ್ಕೆ ಸರಿಯಿತ್ತೇ, ಹೊಡೆತ ಅಂದುಕೊಂಡಂತೆ ಬಂತೇ, ಚೆಂಡು ಎಲ್ಲಿ ನಿಂತಿತು. ಮೂರನೆಯದನ್ನು ಬರೆಯುವ ಮುನ್ನ ಮೊದಲಿನ ಎರಡನ್ನು ತುಂಬಲೇಬೇಕು ಎಂಬುದು ಅವರು ತಮಗೆ ತಾವೇ ಹಾಕಿಕೊಂಡ ಕಟ್ಟಳೆ. ಎಂಟು ಅಡಿ ದೂರದಿಂದ ಚೆಂಡನ್ನು ಕುಳಿಯತ್ತ ಉರುಳಿಸುವ 'ಪಟ್' ಹೊಡೆತವನ್ನು ಜಗತ್ತಿನ ಶ್ರೇಷ್ಠ ಆಟಗಾರರೂ ಹೆಚ್ಚು ಕಡಿಮೆ ಅರ್ಧದಷ್ಟು ಸಲ ಮಾತ್ರ ಕುಳಿಗೆ ಹಾಕುತ್ತಾರೆ. ಅಂಥದ್ದೊಂದು ತಪ್ಪಿತೆಂದು ಹೊಡೆಯುವ ಶೈಲಿಯನ್ನೇ ಬದಲಿಸಿದರೆ, ಸರಿಯಿದ್ದದ್ದನ್ನು ಕೆಡಿಸಿಕೊಂಡಂತೆ. ಕೆಟ್ಟ ಹೊಡೆತವೊಂದು ಮರಕ್ಕೆ ತಾಗಿ ಕುಳಿಯ ಸುತ್ತಲಿನ 'ಗ್ರೀನ್' ಎಂಬ ನುಣುಪು ಹುಲ್ಲಿನ ಮೇಲೆ ಬಿದ್ದರೆ ಅದನ್ನು ಒಳ್ಳೆಯದೆಂದು ಬರೆದುಕೊಳ್ಳುವುದು ಇನ್ನೂ ಅಪಾಯ ಎನ್ನುತ್ತಿದ್ದರು. ಮಳೆ ಬಾರದೆ ಹೋದದ್ದರಿಂದ ಬಚಾವಾದ ನನ್ನ ಎಷ್ಟು "ಮಳೆಯಿಲ್ಲ"ಗಳನ್ನು ನಾನು ಒಳ್ಳೆಯ ಕೆಲಸವೆಂದು ಎಣಿಸಿದ್ದೆ!

ವಾಹಿನಿಗೆ ಮರಳಿದ ಮೇಲೆ ಮೊದಲು ಮಾಡಿದ್ದು ಹಳೆಯ ದಾಖಲೆಗಳನ್ನು ಹೊರತೆಗೆಯುವುದು. ನನ್ನ ವೃತ್ತಿಯಲ್ಲಿ ಇದಕ್ಕೆ ಹಳೆಯದೊಂದು ಅಳತೆಗೋಲಿದೆ. ಗ್ಲೆನ್ ಬ್ರಯರ್ ಎಂಬ ಅಮೆರಿಕದ ಹವಾಮಾನ ವಿಜ್ಞಾನಿ 1950ರಲ್ಲಿ ಅದನ್ನು ಪ್ರಕಟಿಸಿದರು. ಮಳೆ ಬಂದರೆ 1, ಬಾರದಿದ್ದರೆ 0 ಎಂದು ಇಟ್ಟುಕೊಳ್ಳಿ. ನೀವು 0.7 ಎಂದಿದ್ದು ಮಳೆ ಬಂದರೆ ವ್ಯತ್ಯಾಸ 0.3, ಅದರ ವರ್ಗ 0.09. ಬಾರದಿದ್ದರೆ ವ್ಯತ್ಯಾಸ 0.7, ವರ್ಗ 0.49. ಎಲ್ಲ ದಿನಗಳ ಸರಾಸರಿ ತೆಗೆದಾಗ ಅಂಕ ಕಡಿಮೆ ಬಂದಷ್ಟೂ ಒಳ್ಳೆಯದು. ಶೇಕಡಾ 20 ಎಂದು ಹೇಳಿ ಮಳೆ ಬಂದಿದ್ದರೆ ನನಗೆ ಬೀಳುತ್ತಿದ್ದದ್ದು 0.64. "ಮಳೆಯಿಲ್ಲ" ಎಂದು ಸೊನ್ನೆ ಹೇಳಿದ್ದಕ್ಕೆ ಬಿದ್ದದ್ದು ಪೂರ್ತಿ 1. ಆ ಎರಡರ ನಡುವಿನ ಅಂತರವೇ ಆ ಪತ್ರ.

ಎಣಿಸಿದಾಗ ಇನ್ನೊಂದು ದೋಷವೂ ಸಿಕ್ಕಿತು. ಶೇಕಡಾ 80, 90 ಎಂದು ನಾನು ಹೇಳಿದ್ದ ದಿನಗಳಲ್ಲಿ ಅಷ್ಟು ಸಲ ಮಳೆ ಬಂದಿರಲೇ ಇಲ್ಲ. ಛತ್ರಿ ಹಿಡಿದು ಹೋದವರು ಮಳೆ ಬಾರದಿದ್ದರೆ ಬೇಸರಿಸುವುದಿಲ್ಲ, ಬಿಟ್ಟು ಹೋಗಿ ನೆನೆದವರು ಕ್ಷಮಿಸುವುದಿಲ್ಲ. ಆ ಭಯಕ್ಕೆ ನಾನು ಗೊತ್ತಿಲ್ಲದೆಯೇ ಅಂಕಿಗಳನ್ನು ಮೇಲೆ ತಳ್ಳುತ್ತಿದ್ದೆ. ಸಮಯ ಸಾಲದ ದಿನ ಕೆಳಗೆ, ಭಯವಿದ್ದ ದಿನ ಮೇಲೆ. ಎರಡೂ ವಾತಾವರಣದ ಲೆಕ್ಕವಲ್ಲ, ನನ್ನ ಮನಸ್ಸಿನ ಲೆಕ್ಕ.

ಆ ಅಂಕಿಗಳು ಎಲ್ಲಿಂದ ಬರುತ್ತವೆ ಎಂಬುದನ್ನು ಬಲ್ಲವನಾಗಿ ನಾನು ಹಾಗೆ ಮಾಡಬಾರದಿತ್ತು. 1961ರಲ್ಲಿ ಹವಾಮಾನ ವಿಜ್ಞಾನಿ ಎಡ್ವರ್ಡ್ ಲೊರೆನ್ಜ್ ತಮ್ಮ ಕಂಪ್ಯೂಟರ್‌ಗೆ 0.506127 ಎಂಬ ಸಂಖ್ಯೆಯ ಬದಲು 0.506 ಎಂದು ಕೊಟ್ಟಾಗ, ಸ್ವಲ್ಪ ದೂರ ಕ್ರಮಿಸಿದ ಮೇಲೆ ಇಡೀ ಹವಾಮಾನವೇ ಬೇರೆಯಾಯಿತು. ಆರಂಭದ ಅಳತೆಯನ್ನು ಯಾರೂ ಪರಿಪೂರ್ಣವಾಗಿ ಹಿಡಿಯಲಾರರು. ಹಾಗಾಗಿಯೇ ಯೂರೋಪ್ ಮತ್ತು ಅಮೆರಿಕದ ಮುನ್ಸೂಚನಾ ಕೇಂದ್ರಗಳು 1992ರಿಂದ ಒಂದೇ ದಿನದ ಲೆಕ್ಕವನ್ನು ಆರಂಭದಲ್ಲಿ ಚೂರುಪಾರು ಬದಲಾವಣೆ ಮಾಡಿ ಹಲವು ಬಾರಿ ಓಡಿಸುತ್ತ ಬಂದಿವೆ. ಐವತ್ತರಲ್ಲಿ ಹತ್ತು ಓಟಗಳು ಮಳೆ ತೋರಿಸಿದರೆ, ಸ್ಥೂಲವಾಗಿ ಅದೇ ಶೇಕಡಾ 20. ಆ ಹತ್ತು ಓಟಗಳು ಹೇಳಿದ್ದನ್ನು ಅಂದು ನಾನು ಅಳಿಸಿಹಾಕಿದ್ದೆ.

ನಿರ್ಮಾಪಕರೊಂದಿಗೆ ದೀರ್ಘವಾಗಿ ಮಾತನಾಡಿದೆ. ಅವರ ಕೇಳಿಕೆಯಲ್ಲಿಯೂ ನ್ಯಾಯವಿತ್ತು. ಜನರಿಗೆ ಬೇಕಾದದ್ದು ಏನು ಮಾಡಬೇಕು ಎಂಬುದು, ಬರಿಯ ಅಂಕಿಯಲ್ಲ. ಎರಡನ್ನೂ ಒಂದೇ ಉಸಿರಿಗೆ ಹೇಳುವ ಮಾತುಗಳನ್ನು ಹುಡುಕಲು ಆರಂಭಿಸಿದೆವು. "ನಾಳೆ ಮಳೆಯ ಸಾಧ್ಯತೆ ಐದರಲ್ಲಿ ಒಂದು. ಬಟ್ಟೆ ಒಣಹಾಕಬಹುದು. ಕಾಳು ಹೊರಗಿದ್ದರೆ ಹೊದಿಕೆ ಕೈಗೆಟುಕುವಂತಿರಲಿ." ಹೇಳಲು ಒಂಬತ್ತು ಸೆಕೆಂಡು ಸಾಕು. ಹೊಸದಾಗಿ ಸೇರುವ ಕಿರಿಯರಿಗೆ ನಾನು ಮೊದಲು ಕಲಿಸುವುದು ಇಂಥ ವಾಕ್ಯ ಕಟ್ಟುವುದನ್ನು, ನಕ್ಷೆಯ ಮುಂದೆ ಕೈ ಆಡಿಸುವುದನ್ನಲ್ಲ. ಹೇಳಿದ್ದನ್ನು ಅಂದೇ ಬರೆದಿಡಿ, ಮರುದಿನ ಆದದ್ದನ್ನು ಪಕ್ಕದಲ್ಲಿ ಬರೆಯಿರಿ ಎನ್ನುತ್ತೇನೆ.

ಒಂದು ವಿಷಯದಲ್ಲಿ ಮಾತ್ರ ಗಾಲ್ಫ್ ಆಟಗಾರರ ದಾರಿ ನನಗೆ ಪೂರ್ತಿ ಒಗ್ಗುವುದಿಲ್ಲ. ಅವರ ಪಟ್ ತಪ್ಪಿದರೆ ನಷ್ಟ ಅವರದು, ಅವರ ಮನೆಯವರದು. ನನ್ನ ಮುನ್ಸೂಚನೆಯ ಉಳಿದ 30ರಲ್ಲಿ ಸಿಕ್ಕಿಬೀಳುವವರು ಬೇರೆಯವರು. ಆಯ್ಕೆ ಸರಿಯಿತ್ತು, ಫಲ ಹಾಗಾಯಿತು ಎಂದು ನೋಟ್‌ಬುಕ್ ಮುಚ್ಚಿ ಮಲಗಲು ನನ್ನಿಂದಾಗುವುದಿಲ್ಲ, ಆಗಬಾರದು ಕೂಡ. ಪತ್ರವನ್ನು ಖಾನೆಯಲ್ಲಿ ಇಟ್ಟುಕೊಂಡಿರುವುದು ಅದಕ್ಕೇ.

ಆ ಶುಕ್ರವಾರ ಗಾಳಿ ಬಂತು. ಬಿಸಿಲೇರಿದಂತೆ ನೆಲದ ಬಳಿಯ ಗಾಳಿ ಕಾದು ಮೇಲೇಳುತ್ತದೆ, ಮೇಲಿನ ಪದರದ ವೇಗದ ಗಾಳಿ ಬೆರೆತು ಕೆಳಗಿಳಿಯುತ್ತದೆ. ಹಾಗಾಗಿ ಬೆಳಿಗ್ಗೆ ಆಡಿದವರಿಗೆ ಸಿಕ್ಕ ಶಾಂತ ಮೈದಾನ ಮಧ್ಯಾಹ್ನದ ಗುಂಪಿಗೆ ಸಿಗಲಿಲ್ಲ. ಆ ಆಟಗಾರರು ಮಧ್ಯಾಹ್ನದ ಗುಂಪಿನಲ್ಲಿದ್ದರು. ಒಂದು ಹೊಡೆತದಿಂದ ಕಟ್ ತಪ್ಪಿತು.

ಸಂಜೆ ವಾಹನ ನಿಲುಗಡೆಯಲ್ಲಿ ಚೀಲವನ್ನು ಕಾರಿಗೆ ಹಾಕುತ್ತಿದ್ದವರು ನನ್ನನ್ನು ಕಂಡು ಕೈ ಎತ್ತಿದರು. "ನಿಮ್ಮ 70 ಬಂತು" ಎಂದರು. ಆ ದನಿಯಲ್ಲಿ ಕಹಿಯಿರಲಿಲ್ಲ, ದಣಿವಿತ್ತು. ಮುಂದಿನ ಸೋಮವಾರದ ಅರ್ಹತಾ ಸುತ್ತು ಆರು ಗಂಟೆಗಳ ದಾರಿಯಾಚೆ ಇತ್ತು. ಅಲ್ಲಿ ಮಳೆ ಹೇಗೆ ಎಂದು ಕೇಳಿದರು. ಫೋನಿನಲ್ಲಿ ಲೆಕ್ಕಗಳನ್ನು ನೋಡಿ, ಸ್ವಲ್ಪ ಹೊತ್ತು ಯೋಚಿಸಿ, 30 ಎಂದೆ.

ಅವರು ಕಾರಿನ ಮೇಲೆ ನೋಟ್‌ಬುಕ್ ಇಟ್ಟು 30 ಎಂದು ಬರೆದುಕೊಂಡರು. ಅದರ ಪಕ್ಕದ ಕಾಲಂ ಅನ್ನು ಖಾಲಿ ಬಿಟ್ಟರು.