ಒಂದ್ ತಾಸ್ ಮಾತಾಡಾಕ ಎಷ್ಟ್ ತಗೊಂತೀರಿ?

ಮದುವೆಯಲ್ಲಿ ಕೇಳುತ್ತಾರೆ, ಮಣ್ಣಿಗೆ ಹೋದಲ್ಲೂ ಕೇಳುತ್ತಾರೆ. ಹೋದ ತಿಂಗಳು ಬಾಗಲಕೋಟೆಯ ನವನಗರದ ಕಟಿಂಗ್ ಅಂಗಡಿಯಲ್ಲಿ ಗಲ್ಲಕ್ಕೆಲ್ಲ ನೊರೆ ಹಚ್ಚಿಸಿಕೊಂಡು ಬಾಯಿ ತೆರೆಯಲಾರದೆ ಕೂತಿದ್ದೆ. ಪಕ್ಕದ ಕುರ್ಚಿಯವರು ಕನ್ನಡಿಯೊಳಗಿಂದಲೇ ನನ್ನ ಮುಖ ನೋಡಿ, "ಸರ್, ನೀವು ಕಂಪನ್ಯಾಗ ಭಾಷಣ ಮಾಡಾಕ ಹೋಗ್ತೀರಂತಲ್ಲ, ಒಂದ್ ತಾಸ್ ಮಾತಾಡಾಕ ಎಷ್ಟ್ ತಗೊಂತೀರಿ?" ಅಂದರು. ಕಟಿಂಗ್ ಮಾಡುವವನು ಕತ್ತಿ ಎತ್ತಿ ಹಿಡಿದು ನಿಂತುಬಿಟ್ಟ. ಅವನಿಗೂ ಉತ್ತರ ಬೇಕಿತ್ತು.

ಬಾಯಿಂದ ಹೇಳಿ ಹೇಳಿ ಸಾಕಾಗಿದೆ. ಒಮ್ಮೆ ಬರೆದಿಡುತ್ತೇನೆ. ಇನ್ನು ಮುಂದೆ ಯಾರಾದರೂ ಕೇಳಿದರೆ ವಾಟ್ಸಾಪಿನಲ್ಲಿ ಇದನ್ನೇ ಕಳಿಸುವವನಿದ್ದೇನೆ.

ಮೊದಲು ಆ "ಒಂದ್ ತಾಸ್" ಅನ್ನುವ ಮಾತು. ನಮ್ಮ ಕಡೆ ಶ್ರೀಕೃಷ್ಣ ಪಾರಿಜಾತದ ಆಟಕ್ಕೆ ಮೇಳ ಕರೆಸಿದರೆ ರಾತ್ರಿಗಿಷ್ಟು ಅಂತ ಮಾತಾಗುತ್ತದೆ. ಕೊರವಂಜಿ ಎಷ್ಟು ನಿಮಿಷ ರಂಗದ ಮೇಲಿದ್ದಳು ಅಂತ ಗಡಿಯಾರ ನೋಡಿ ರೊಕ್ಕ ಎಣಿಸಿದವರನ್ನು ನಾನು ಕಂಡಿಲ್ಲ. ನನ್ನ ಪಾಲಿಗೆ ಬಂದಾಗ ಮಾತ್ರ ಎಲ್ಲರ ಕೈಯಲ್ಲೂ ಗಡಿಯಾರ. ಅದರ ಹಿಂದೆಯೇ ಇನ್ನೊಂದು ಪದ ಬರುತ್ತದೆ: "ಬರೇ". "ಬರೇ ಮಾತಾಡಿದ್ದಕ್ಕ ರೊಕ್ಕಾ ಕೊಡ್ತಾರೇನ್ರೀ?" ನನ್ನ ಸೋದರಮಾವನಂತೂ ಪ್ರಶ್ನೆಯನ್ನೂ ಕೇಳುವುದಿಲ್ಲ. ಬಂದವರಿಗೆಲ್ಲ ನನ್ನ ಪರಿಚಯ ಮಾಡಿಕೊಡುತ್ತಾ, "ಬಾಯಿದ್ದವ ಬರಗಾಲದಾಗೂ ಬದುಕ್ಯಾನು ಅಂತಾರಲ್ಲ, ಆ ಪೈಕಿ ನಮ್ಮ ಅಳಿಯಾ" ಅಂತಾನೆ. ಜನ ನಗುತ್ತಾರೆ, ನಾನೂ ನಗುತ್ತೇನೆ. ಹನ್ನೊಂದು ವರ್ಷ ಪಂಪ್‌ಸೆಟ್ ಕಂಪನಿಯೊಂದರ ಸೇಲ್ಸ್ ಆಫೀಸರ್ ಆಗಿ ಅಥಣಿಯಿಂದ ಇಂಡಿತನಕ ಬೈಕಿನ ಮೇಲೆ ತಿರುಗಿ ಬೆನ್ನು ಮುರಿದುಕೊಂಡಾಗ ಇದೇ ಮಾವ, "ಯಾಕೋ ಒದ್ದಾಡ್ತಿ, ನಿನಗ ಮಾತು ಛಲೋ ಬರ್ತಾವು, ಅದರಾಗ ಏನರ ಮಾಡು" ಅಂದಿದ್ದ. ಮಾಡಿದೆ.

ಇನ್ನು ವಿಜಯಪುರದ ಕಡೆ ಹೋದರೆ ಕಥೆಯೇ ಬೇರೆ. ಅಲ್ಲಿನ ಒಂದು ಮದುವೆಯ ಪಂಗ್ತಿಯಲ್ಲಿ ಎದುರಿಗೆ ಕೂತಿದ್ದ ಹಿರಿಯರು ನಾನು ಮಾಡುವ ಕೆಲಸ ಕೇಳಿ ತಿಳಿದುಕೊಂಡು, ರೊಟ್ಟಿ ಮುರಿಯುವುದು ನಿಲ್ಲಿಸಿ ಅಂದರು: "ತಮ್ಮಾ, ಸಿದ್ಧೇಶ್ವರ ಅಪ್ಪಾವರು ನಸುಕಿನ್ಯಾಗ ಪ್ರವಚನಾ ಹೇಳತಿದ್ರು. ಸಾವಿರಗಟ್ಟಲೆ ಮಂದಿ ಕತ್ತಲದಾಗ ಎದ್ದು ಹೋಗಿ ಕೂಡತಿತ್ತು. ಅವರ ಅಂಗಿಗೆ ಕಿಸೇನ ಇರಲಿಲ್ಲ. ನಿನ್ನ ಅಂಗಿಗೆ ಎಷ್ಟ್ ಕಿಸೆ ಅದಾವು?"

ಇದಕ್ಕೆ ನಾನು ಏನು ಹೇಳಲಿ? ಜ್ಞಾನಯೋಗಾಶ್ರಮದ ಆ ಸಂತರು 2018ರಲ್ಲಿ ಪದ್ಮಶ್ರೀ ಬಂದಾಗಲೂ ಬೇಡವೆಂದವರು. 2023ರ ಜನವರಿ 2ರಂದು ಅವರು ಹೋದಾಗ ವಿಜಯಪುರದ ದಾರಿಗಳೆಲ್ಲ ಜನರಿಂದ ತುಂಬಿದ್ದವು. ಅವರ ಜೊತೆ ನನ್ನನ್ನು ಹೋಲಿಸುವುದು ನನಗೆ ಅವಮಾನವಲ್ಲ, ಅವರಿಗೆ. ಅಪ್ಪಾವರು ಬದುಕುವುದು ಹೆಂಗ ಅಂತ ಹೇಳುತ್ತಿದ್ದರು. ನಾನು ಮೂರನೇ ಕ್ವಾರ್ಟರಿನಲ್ಲಿ ಪೈಪು ಹೆಚ್ಚು ಮಾರುವುದು ಹೆಂಗ ಅಂತ ಹೇಳುತ್ತೇನೆ. ನನ್ನ ಅಂಗಿಗೆ ಒಂದು ಕಿಸೆ, ಪ್ಯಾಂಟಿಗೆ ನಾಕು. ಬಹಳಷ್ಟು ಸಲ ಐದೂ ಖಾಲಿ.

ಸರಿ, ಲೆಕ್ಕ. ಬೆಳಗಾವಿಯ ಹೋಟೆಲಿನಲ್ಲಿ ಡೀಲರ್ ಮೀಟ್ ಇದ್ದರೆ ನನ್ನ ಹೆಸರಿನ ಮೇಲೆ ಕಂಪನಿ ಕೊಡುವುದು 60,000 ರೂಪಾಯಿ. ಈ ಅಂಕಿ ಕೇಳಿದ ಕೂಡಲೇ ಕಟಿಂಗ್ ಅಂಗಡಿಯವರು ಓದುವುದು ನಿಲ್ಲಿಸುತ್ತಾರೆ ಅಂತ ಗೊತ್ತು. ಉಳಿದವರು ಮುಂದಿಂದು ಓದಿ. ಆ ರೊಕ್ಕ ಸೀದಾ ನನಗೆ ಬರುವುದಿಲ್ಲ, ಇವೆಂಟ್ ಮಾಡುವವರಿಗೆ ಹೋಗುತ್ತದೆ. ಕೆಲಸ ತಂದುಕೊಟ್ಟದ್ದಕ್ಕೆ ಅವರು 15,000 ಮುರಿದುಕೊಳ್ಳುತ್ತಾರೆ. ಉಳಿದ 45,000ದಲ್ಲಿ 10% ಟಿಡಿಎಸ್ (ಕೊಡುವಾಗಲೇ ಕಡಿಯುವ ಆದಾಯ ತೆರಿಗೆ), ಅಂದರೆ 4,500. ಅದು ರಿಟರ್ನ್ ತುಂಬಿದಾಗ ಲೆಕ್ಕಕ್ಕೆ ಸಿಗುತ್ತದೆ, ಕಡಿದವರು ಮರೆಯದೆ ಸರಕಾರಕ್ಕೆ ತುಂಬಿದ್ದರೆ. ಬಾಗಲಕೋಟೆಯಿಂದ ಕಲಾದಗಿ, ಲೋಕಾಪುರ, ಯರಗಟ್ಟಿ ಮೇಲೆ ಹೋಗಿ ಬರಲು ಕಾರಿನ ಬಾಡಿಗೆ, ಡ್ರೈವರ್ ಭತ್ತೆ ಸೇರಿ 5,000. ಕೈಯಲ್ಲಿ ಉಳಿಯುವುದು 35,500. ಅದೂ ಅರ್ಧ ಮುಂಗಡ, ಅರ್ಧ "ನೆಕ್ಸ್ಟ್ ವೀಕ್".

ಹೋದ ವರ್ಷ 31 ಕಡೆ ಮಾತಾಡಿದೆ. ಅದರಲ್ಲಿ 12 ಪುಕ್ಕಟೆ. ನವೆಂಬರ್ 14ರಿಂದ 20ರವರೆಗಿನ ಸಹಕಾರ ಸಪ್ತಾಹದಲ್ಲಿ ಎಲ್ಲ ಸೊಸೈಟಿಯವರಿಗೂ ನಾನು ಒಮ್ಮೆಲೇ ನೆನಪಾಗುತ್ತೇನೆ, ಶಾಲು ಮತ್ತು ಹಾರದ ದರಕ್ಕೆ. ನಮ್ಮ ಮನೆಯ ಟ್ರಂಕಿನಲ್ಲಿ ಈಗ ಎಷ್ಟು ಶಾಲು ಇವೆಯೆಂದರೆ, ಹೆಂಡತಿ ಅವನ್ನು ಬಂದ ಬೀಗರಿಗೆಲ್ಲ ಹೊದಿಸಿ ಕಳಿಸುತ್ತಾಳೆ. ಸಕ್ಕರೆ ಕಾರ್ಖಾನೆಯವರು ಕಬ್ಬು ಅರೆಯುವ ತಿಂಗಳುಗಳಲ್ಲಿ ಫೋನ್ ಎತ್ತುವುದಿಲ್ಲ, ಬ್ಯಾಂಕಿನವರು ಮಾರ್ಚಿನಲ್ಲಿ ಎತ್ತುವುದಿಲ್ಲ. ವರ್ಷದ ವಹಿವಾಟು 20 ಲಕ್ಷದ ಹತ್ತಿರಕ್ಕೂ ಬರದ ಕಾರಣ ಜಿಎಸ್‌ಟಿ ನಂಬರ್ ತೆಗೆಸಿಲ್ಲ. ಅದಕ್ಕೂ ಅಕೌಂಟ್ಸ್ ಸೆಕ್ಷನ್ನಿನವರು ನನ್ನನ್ನು ಕಳ್ಳನಂತೆ ನೋಡುತ್ತಾರೆ.

ಉತ್ತರ ಮುಗಿಯಿತು. ಆದರೆ ಆ "ಒಂದ್ ತಾಸ್" ಇನ್ನೂ ಗಂಟಲಲ್ಲೇ ಇದೆ. ಬೆಳಗಾವಿಯ ಒಂದು ತಾಸಿನ ಕಥೆ ಹೇಳಿಯೇಬಿಡುತ್ತೇನೆ.

ಪಿವಿಸಿ ಪೈಪಿನ ಕಂಪನಿ. ಹೆಸರು ಬೇಡ. ಅಥಣಿ, ಗೋಕಾಕ, ರಾಯಬಾಗ, ಜಮಖಂಡಿ, ನಿಪ್ಪಾಣಿ, ಖಾನಾಪುರದಿಂದ ಬಂದ ಡೀಲರುಗಳು, ಇನ್ನೂರರ ಮೇಲೆ. ಇಂಥಲ್ಲಿ ಬೆಂಗಳೂರು, ಮುಂಬಯಿಯ ದೊಡ್ಡ ಭಾಷಣಕಾರರು ನಡೆಯುವುದಿಲ್ಲ. ಒಂದೇ ಜೋಕನ್ನು ಕನ್ನಡದಲ್ಲಿ ಹೇಳಿ, ಬೆನ್ನಿಗೇ ಮರಾಠಿಯಲ್ಲಿ ಹೇಳಿ, ಎರಡನೇ ನಗು ಬರುವತನಕ ಕಾಯುವ ಗುಂಡಿಗೆ ಬೇಕು. ಎರಡೂ ಭಾಷೆ ಬಲ್ಲವರು ಎರಡೂ ಸಲ ನಗುತ್ತಾರೆ, ಪಾಪ, ಮರ್ಯಾದೆಗೆ.

ವಾರದ ಮೊದಲೇ ಪುಣೆಯ ಮಾರ್ಕೆಟಿಂಗ್ ಮ್ಯಾನೇಜರ್ ವಿಡಿಯೋ ಕಾಲಿನಲ್ಲಿ ಬಂದಿದ್ದರು. ವಿಷಯ, "ತಾಳ್ಮೆ ಮತ್ತು ಬೆಳವಣಿಗೆ". ಕೊನೆಗೆ ಕ್ಯಾಮರಾದ ಹತ್ತಿರ ಸರಿದು ಹೇಳಿದರು: ಸ್ಟೇಜಿನ ಮೇಲೆ ಮೂರು ಮಾತು ಬೇಡ. ಸ್ಕೀಮ್, ಕ್ರೆಡಿಟ್ ನೋಟ್, ರೇಟ್ ಡಿಫರೆನ್ಸ್. ಬಾಕಿ ಎಲ್ಲ ನಿಮ್ಮ ಇಷ್ಟ.

ಈ ಧಂದೆ ಗೊತ್ತಿಲ್ಲದವರಿಗೆ ಒಂದು ಮಾತು. ಪಿವಿಸಿ ರಾಳದ ದರ ಬಿದ್ದರೆ ಪೈಪಿನ ದರವೂ ಬೀಳುತ್ತದೆ. ನಿನ್ನೆ ಹೆಚ್ಚಿನ ದರಕ್ಕೆ ಗೋದಾಮು ತುಂಬಿಸಿದ ಡೀಲರ್ ಇವತ್ತು ಕಡಿಮೆಗೆ ಮಾರಬೇಕು. ಆ ಲುಕ್ಸಾನೇ ರೇಟ್ ಡಿಫರೆನ್ಸ್, ಟಾರ್ಗೆಟ್ ಮುಟ್ಟಿಸಿದ್ದಕ್ಕೆ ಕೊಡುವ ರಿಯಾಯಿತಿಯೇ ಸ್ಕೀಮ್. ಎರಡನ್ನೂ ಕಂಪನಿ ಕ್ರೆಡಿಟ್ ನೋಟಿನಲ್ಲಿ, ಅಂದರೆ ಡೀಲರನ ಖಾತೆಗೆ ಜಮಾ ಮಾಡುವ ಚೀಟಿಯಲ್ಲಿ, ತುಂಬಿಕೊಡುತ್ತೇವೆ ಅನ್ನುತ್ತದೆ. ಅದು ಬರುತ್ತದೆ ಬರುತ್ತದೆ ಅನ್ನುತ್ತಲೇ ಆರು ತಿಂಗಳು ಹೋಗುತ್ತದೆ. ಪಂಪ್‌ಸೆಟ್ಟಿನ ಕಾಲದಲ್ಲಿ ನಾನೇ ಎಷ್ಟು ಅಂಗಡಿಯ ಕಟ್ಟೆ ಮೇಲೆ ಚಹಾ ಕುಡಿದು "ಮುಂದಿನ ವಾರ ಬರ್ತೈತ್ರಿ ಸಾವಕಾರ್ರ" ಅಂದಿದ್ದೇನೋ. ಅಂದರೆ ಆ ಮೂರು ಮಾತು ಯಾಕೆ ಬೇಡ ಅಂತ ನನಗೆ ಬಿಡಿಸಿ ಹೇಳಬೇಕಾಗಿರಲಿಲ್ಲ. ಹೂಂ ಅಂದೆ.

ನನ್ನ ಸಮಯ 11:30ರಿಂದ 12:30. ದೀಪ, ಪ್ರಾರ್ಥನೆ, ಸ್ವಾಗತ, ಪೇಟ ಸುತ್ತುವುದು, ಎಂ.ಡಿ.ಯವರ ವಿಡಿಯೋ, ಆಮೇಲೆ ಖುದ್ದು ಎಂ.ಡಿ.ಯವರು, ವಿಡಿಯೋದಲ್ಲಿದ್ದದ್ದನ್ನೇ. ಮೈಕು ನನ್ನ ಕೈಗೆ ಬಂದಾಗ 1:20. ಇವೆಂಟಿನ ಹುಡುಗ ಮೂಲೆಯಲ್ಲಿ ನಿಂತು ಎರಡೂ ಅಂಗೈ ಎರಡು ಸಲ ಬಿಚ್ಚಿ ತೋರಿಸಿದ: ಇಪ್ಪತ್ತು ನಿಮಿಷ. ಹಾಲಿನ ಹಿಂದೆ ಊಟದವರು ದೊಡ್ಡ ಸ್ಟೀಲ್ ಪಾತ್ರೆಗಳ ಮುಚ್ಚಳ ತೆಗೆದು ನೋಡಿ ಮತ್ತೆ ಮುಚ್ಚುತ್ತಿದ್ದರು. ಪ್ರತಿ ಮುಚ್ಚಳ ಎತ್ತಿದಾಗ ಎಣ್ಣೆಗಾಯಿಯ ವಾಸನೆ ಸಾಲು ಸಾಲಾಗಿ ಮುಂದೆ ಬರುತ್ತಿತ್ತು. ಅದು ಎಷ್ಟನೇ ಸಾಲಿಗೆ ಮುಟ್ಟಿತು ಅಂತ ತಿರುಗಿದ ತಲೆಗಳ ಮೇಲೆ ಹೇಳಬಹುದಿತ್ತು. ಒಂದು ತಾಸಿನದನ್ನು ನಿಂತ ಕಾಲ ಮೇಲೆ ಹದಿನೆಂಟು ನಿಮಿಷಕ್ಕೆ ಇಳಿಸುವುದು ಒಂದು ಕೆಲಸವೇ ಹೊರತು "ಬರೇ" ಅಲ್ಲ. ಸ್ಲೈಡ್ ಬಿಟ್ಟೆ, ಕತೆ ಹಿಡಿದೆ.

ನಮ್ಮ ಕಡೆಯ ಹಿಂಗಾರಿ ಬಿಳಿಜೋಳದ ಕತೆ. ಬಿತ್ತಿದ ಮೇಲೆ ಮಳೆಯ ಖಾತ್ರಿ ಇಲ್ಲ. ಎರೆಭೂಮಿ ಹಿಡಿದಿಟ್ಟ ಹಸಿಯ ಮೇಲೆ, ಮಾಗಿಯ ಮಂಜಿನ ಮೇಲೆ ಅದು ಎದ್ದು ನಿಲ್ಲುತ್ತದೆ, ತೆನೆ ಕಟ್ಟುತ್ತದೆ. ಜೋಳದಂಗ ತಾಳಿಕೊಂಡವನು ಬೆಳೆಯುತ್ತಾನೆ. ಚಪ್ಪಾಳೆ ಬಿತ್ತು. ಬೀಳುತ್ತದೆ ಅಂತ ಗೊತ್ತಿತ್ತು, ಬಿದ್ದೇ ಬೀಳುವ ಜಾಗ ಅದು. ನಿರೂಪಣೆಯ ಹುಡುಗಿ ಅಲ್ಲಿಗೆ ಮುಗಿಸಬೇಕಿತ್ತು. "ಎನಿ ಕ್ವೆಶ್ಚನ್ಸ್?" ಅಂದುಬಿಟ್ಟಳು.

ಜಮಖಂಡಿ ಕಡೆಯ ಒಬ್ಬ ಸಾವಕಾರರು ಎದ್ದರು. ಬಿಳಿ ಅಂಗಿ, ಧೋತರ, ಕಿಸೆಯಲ್ಲಿ ಕನ್ನಡಕದ ಡಬ್ಬಿ. ಮೈಕು ಇಸಕೊಂಡು ಒಮ್ಮೆ ಊದಿ ನೋಡಿದರು.

"ಸರ್, ಭಾಷಣಾ ಛಲೋ ಆತ್ರಿ. ನಂದು ಎರಡು ಕ್ವಾರ್ಟರಿನ ಕ್ರೆಡಿಟ್ ನೋಟ್ ಬಂದಿಲ್ಲ. ಜ್ವಾಳ ತಾಳಿಕೊಂತೈತಿ, ಖರೆ. ಅದಕ್ಕ ಬ್ಯಾಂಕಿನ ಓ.ಡಿ. ಸಾಲ ಇಲ್ಲಲ್ರೀ."

ಮೊದಲು ಕನ್ನಡದವರು ನಕ್ಕರು. ಪಕ್ಕದವರು ಮರಾಠಿಯಲ್ಲಿ ಹೇಳಿದ ಮೇಲೆ ನಿಪ್ಪಾಣಿಯವರು ನಕ್ಕರು. ನನ್ನ ಯಾವ ಜೋಕಿಗೂ ಅಷ್ಟು ದೊಡ್ಡ ಎರಡನೇ ನಗು ಬಂದದ್ದಿಲ್ಲ. ಮುಂದಿನ ಸಾಲಿನಲ್ಲಿ ಮಾರ್ಕೆಟಿಂಗ್ ಮ್ಯಾನೇಜರ್ ತಮ್ಮ ಬೂಟು ನೋಡುತ್ತಿದ್ದರು. ನಾನು? "ಸಾವಕಾರ್ರ, ಹಸಿದ ಹೊಟ್ಟಿಗೆ ಉತ್ತರ ಹತ್ತಂಗಿಲ್ಲ, ಮೊದಲ ಊಟಾ ಮಾಡೋಣ ಬರ್ರಿ" ಅಂದೆ. ಹದಿನೆಂಟು ನಿಮಿಷದಲ್ಲಿ ನಾನು ದುಡಿದದ್ದು ಆ ಒಂದು ವಾಕ್ಯಕ್ಕೆ. ಕಂಪನಿ ರೊಕ್ಕ ಕೊಟ್ಟದ್ದೂ ಅದಕ್ಕೇ ಅಂತ ಯರಗಟ್ಟಿ ದಾಟುವಾಗ ಕಾರಿನಲ್ಲಿ ಹೊಳೆಯಿತು.

ಹಾಗಾಗಿ, ನನ್ನನ್ನು ಏನಾದರೂ ಕೇಳಲೇಬೇಕು ಅಂತಿದ್ದರೆ ಇದನ್ನು ಕೇಳಿ: "ಏನ್ ಹೇಳಬ್ಯಾಡ ಅಂದಿದ್ರು?" ಯಾರೂ ಕೇಳಿಲ್ಲ, ಇವತ್ತಿನವರೆಗೂ. ಪ್ರತಿ ಕಾರ್ಯಕ್ರಮಕ್ಕೂ ಅಂಥದ್ದೊಂದು ಪಟ್ಟಿ ಇರುತ್ತದೆ. ಬ್ಯಾಂಕಿನ ಸಿಬ್ಬಂದಿ ಸಭೆಯಲ್ಲಿ ಬಡ್ತಿಯ ಸುದ್ದಿ ಬೇಡ. ಬೆಳಗಾವಿಯ ಒಂದು ಫೌಂಡ್ರಿಯಲ್ಲಿ ಮಾರ್ಚ್ 4ರ ರಾಷ್ಟ್ರೀಯ ಸುರಕ್ಷತಾ ದಿನಕ್ಕೆ ಕರೆದಿದ್ದರು. ಶಾಮಿಯಾನದಲ್ಲಿ ಕೂತವರೆಲ್ಲ ಕಾಯಂ ನೌಕರರು, ತಲೆ ಮೇಲೆ ಹೊಸ ಹಳದಿ ಹೆಲ್ಮೆಟ್. ಗುತ್ತಿಗೆಯವರು ಎಲ್ಲಿ ಅಂತ ಕೇಳಿದರೆ, "ಅವರು ಫರ್ನೇಸ್ ಕಡೆ ಅದಾರ್ರಿ, ಅದನ್ನ ಬಂದ್ ಮಾಡಾಕ ಬರಂಗಿಲ್ಲ" ಅಂದರು. ಕಾದ ಲೋಹದ ಹತ್ತಿರ ಇದ್ದವರನ್ನು ಬಿಟ್ಟು ಉಳಿದವರಿಗೆಲ್ಲ ನಾನು ಮುಕ್ಕಾಲು ತಾಸು ಸುರಕ್ಷತೆಯ ಬಗ್ಗೆ ಹೇಳಿದೆ. ಆ ಬಿಲ್ಲೂ ಬಂತು.

ಕೆಲವು ಮಾತು ಮಾತ್ರ ಯಾರೂ ಹೇಳದೆ ನಾನೇ ಬಿಟ್ಟವು. ಶುರುವಿನ ವರ್ಷ ಇಲ್ಲೇ ನವನಗರದ ಒಂದು ಸಭೆಯಲ್ಲಿ "ಬದಲಾವಣೆಗೆ ಹೆದರಬೇಡಿ" ಅಂತ ದೊಡ್ಡಕ್ಷರದ ಸ್ಲೈಡ್ ಹಾಕಿದ್ದೆ. ಹಿರಿಯರೊಬ್ಬರು ಕೂತಲ್ಲಿಂದಲೇ, "ತಮ್ಮಾ, ನಮ್ಮ ಮನಿ ಹಿನ್ನೀರಾಗ ಹೋಗೇತಿ. ಈಗ 524 ಮೀಟರ್ ಮಾಡ್ತೀವಂತಾರ. ಹೆದರಬ್ಯಾಡ ಅಂತ ಯಾರಿಗೆ ಹೇಳಾಕತ್ತಿ?" ಅಂದರು. ಆಲಮಟ್ಟಿ ಅಣೆಕಟ್ಟಿನ ನೀರು 519.6 ಮೀಟರಿಗೆ ನಿಂತಾಗಲೇ ಹಳೇ ಬಾಗಲಕೋಟೆಯ ಓಣಿ ಓಣಿ ಖಾಲಿಯಾಗಿ, ಸೆಕ್ಟರ್ ನಂಬರಿನ ಈ ನವನಗರಕ್ಕೆ ಬಂದು ಕೂತ ಜನ ಅವರು. ಆ ಊರಿನವನೇ ಆಗಿ ಆ ಸ್ಲೈಡ್ ಹಾಕಿದ್ದೆನಲ್ಲ. ಅವತ್ತೇ ತೆಗೆದೆ.

ಅವತ್ತು ಬೆಳಗಾವಿಯಲ್ಲಿ ಊಟದ ಮೇಲೆ ಕೈ ತೊಳೆಯುವಲ್ಲಿ ಜಮಖಂಡಿಯ ಸಾವಕಾರರೇ ಮತ್ತೆ ಸಿಕ್ಕರು. ಸಿಟ್ಟೇನೂ ಇರಲಿಲ್ಲ. ನ್ಯಾಪ್‌ಕಿನ್ನಿಗೆ ಕೈ ಒರೆಸುತ್ತ ಸಣ್ಣ ದನಿಯಲ್ಲಿ, "ನಿಮಗರ ಕೊಟ್ಟಾರೇನ್ರೀ?" ಅಂದರು. ಎಷ್ಟು ಅಂತ ಕೇಳಲಿಲ್ಲ.

"ಅರ್ಧಾ ಕೊಟ್ಟಾರ" ಅಂದೆ.

"ಹಂಗಾರ ನೀವೂ ಜ್ವಾಳನ" ಅಂದರು.

ಉಳಿದರ್ಧ ಬರಲು ನಾಲ್ಕು ತಿಂಗಳು ಹಿಡಿಯಿತು. ಉದ್ಯಮ್ ನೋಂದಣಿ (ಸಣ್ಣ ಉದ್ದಿಮೆಗಳ ಸರಕಾರಿ ನೋಂದಣಿ) ಇದ್ದ ನನ್ನಂಥವನಿಗೆ 45 ದಿನದೊಳಗೆ ಕೊಡಬೇಕು, ಕೊಡದಿದ್ದರೆ ಬಡ್ಡಿ ಸೇರಿಸಿ ಕೊಡಬೇಕು ಅಂತ 2006ರ ಸಣ್ಣ ಉದ್ದಿಮೆಗಳ ಕಾಯ್ದೆಯೇ ಇದೆ. ಒಮ್ಮೆ ಅದರ ಹೆಸರು ಹೇಳಿದರೆ ರೊಕ್ಕ ಬರುತ್ತದೆ, ಮತ್ತೊಮ್ಮೆ ಕರೆ ಬರುವುದಿಲ್ಲ. ಸಾವಕಾರರಿಗೆ ಅದೂ ಇಲ್ಲ. ಆ ಕಾಯ್ದೆ ಮಾಲನ್ನೋ ಸೇವೆಯನ್ನೋ ಕೊಟ್ಟವನಿಗೆ, ಮಾಲು ಕೊಂಡವನಿಗಲ್ಲ.

ಮರುವರ್ಷ ಅದೇ ಕಂಪನಿ, ಅದೇ ಹೋಟೆಲು, ಅದೇ ಮ್ಯಾನೇಜರ್. ವಿಡಿಯೋ ಕಾಲಿನಲ್ಲಿ ಬೇಡದ ಮಾತುಗಳ ಪಟ್ಟಿ ಓದಿದರು. ಸ್ಕೀಮ್, ಕ್ರೆಡಿಟ್ ನೋಟ್, ರೇಟ್ ಡಿಫರೆನ್ಸ್. ಸ್ವಲ್ಪ ತಡೆದು ನಾಲ್ಕನೆಯದು: ಜೋಳ.

ಹೋಗಿದ್ದೆ. ಆ ಸಲ ಪೂರ್ತಿ ರೊಕ್ಕ ಮುಂಗಡ ಎಣಿಸಿಕೊಂಡೇ ಹೋದೆ.