ಹಿಲ್ಡಾಳಿಂದ ಯುಸ್ಟೀನಾಳವರೆಗೆ

ಶನಿವಾರ, 15 ನವೆಂಬರ್ 2025
ಹೆಲ್ಸಿಂಕಿ

ಸಂಜೆ ನಾಲ್ಕಕ್ಕೇ ಕತ್ತಲಾಗುವ ಈ ತಿಂಗಳಲ್ಲಿ ಹಳೆಯ ಫಿನ್ನಿಷ್ ಚಿತ್ರಗಳನ್ನು ಒಂದೊಂದಾಗಿ ನೋಡುತ್ತಿದ್ದೇನೆ. ಭಾಷೆ ಕಲಿಯಲೆಂದು ಆರಂಭಿಸಿದ ಈ ಅಭ್ಯಾಸ ಈಗ ಒಬ್ಬ ನಟಿಯ ಬೆನ್ನು ಹತ್ತಿದೆ. ಆಕೆಯ ಹೆಸರು ಸೀರಿ ಆಂಗೆರ್‌ಕೋಸ್ಕಿ. ನಾಯಕಿಯಾಗಿ ಹೆಸರಾದವರಲ್ಲ, ಮನೆಗೆಲಸದವಳು, ಅಡುಗೆಯವಳು, ಜಗಳಗಂಟಿ ಹೆಂಡತಿ ಇಂಥ ಪಾತ್ರಗಳಲ್ಲಿಯೇ ಸುಮಾರು ಮೂರು ದಶಕಗಳ ಕಾಲ ಪರದೆಯ ಮೇಲೆ ಕಾಣಿಸಿಕೊಂಡವರು.

ಸೀರಿ ಹುಟ್ಟಿದ್ದು 1902ರಲ್ಲಿ, ಉತ್ತರದ ಔಲು ನಗರದಲ್ಲಿ. ರಂಗಭೂಮಿಯಿಂದ ಸಿನಿಮಾಕ್ಕೆ ಬಂದದ್ದು ಮೂವತ್ತರ ದಶಕದಲ್ಲಿ, ಫಿನ್ನಿಷ್ ಚಿತ್ರಗಳು ಆಗತಾನೇ ಮಾತು ಕಲಿತಿದ್ದಾಗ. ಅವರ ಗಂಡ ಕಾರ್ಲೊ ಆಂಗೆರ್‌ಕೋಸ್ಕಿಯೂ ನಟ. 1936ರಲ್ಲಿ, ಮೂವತ್ತರ ಆಸುಪಾಸಿನಲ್ಲಿಯೇ ತೀರಿಕೊಂಡರು. ಆಮೇಲಿನ ವರ್ಷಗಳಲ್ಲಿ ನಗಿಸುವುದನ್ನೇ ವೃತ್ತಿಯಾಗಿಸಿಕೊಂಡ ಈ ಹೆಣ್ಣುಮಗಳನ್ನು ನೋಡುವಾಗ ಆ ಸಂಗತಿಯನ್ನು ಮರೆಯುವುದು ನನಗೆ ಸಾಧ್ಯವಾಗಿಲ್ಲ.

ಅವರ ಬಹುಪಾಲು ಕೆಲಸ ನಡೆದದ್ದು ಸುವೊಮೆನ್ ಫಿಲ್ಮಿತೆಯೊಲ್ಲಿಸೂಸ್ ಎಂಬ ಸಂಸ್ಥೆಯಲ್ಲಿ. ಎರ್ಕ್ಕಿ ಕಾರು 1933ರಲ್ಲಿ ಅದನ್ನು ಕಟ್ಟಿದರು. ಎರಡೇ ವರ್ಷದಲ್ಲಿ ಅವರು ತೀರಿಕೊಂಡ ಮೇಲೆ ಟಿ. ಜೆ. ಸ್ಯಾರ್ಕ್ಯಾ ಅದನ್ನು ವಹಿಸಿಕೊಂಡು ವರ್ಷಕ್ಕೆ ಹಲವು ಚಿತ್ರಗಳನ್ನು ತೆಗೆಯುವ ಕಾರ್ಖಾನೆಯಂತೆ ಬೆಳೆಸಿದರು. ದೇಶ ಸಣ್ಣದು, ನಟವರ್ಗವೂ ಸಣ್ಣದು. ಚಳಿಗಾಲದಲ್ಲಿ ನಾಟಕವಾಡಿದವರೇ ಬೇಸಿಗೆಯ ದೀರ್ಘ ಬೆಳಕಿನಲ್ಲಿ ಚಿತ್ರೀಕರಣಕ್ಕೆ ಬರುತ್ತಿದ್ದರು. ಹೀಗೆ ಅದೇ ಮುಖಗಳು ಮತ್ತೆ ಮತ್ತೆ ಕಾಣಿಸಿಕೊಂಡದ್ದರಿಂದ ಪೋಷಕ ನಟಿಯೊಬ್ಬಳನ್ನು ಪ್ರೇಕ್ಷಕರಿಗೆ ಹೊಸದಾಗಿ ಪರಿಚಯಿಸಬೇಕಾದ ಅಗತ್ಯವೇ ಇರಲಿಲ್ಲ. ಬಾಗಿಲು ತೆರೆದು ಸೀರಿ ಒಳಗೆ ಬಂದರೆ, ಆ ಮನೆ ಎಂಥದ್ದೆಂದು ಜನರಿಗೆ ಅರ್ಧ ತಿಳಿದುಬಿಡುತ್ತಿತ್ತು.

ಈ ವಾರ ನೋಡಿದ ಸುವೊಮಿನೆನ್ ಕುಟುಂಬದ ಚಿತ್ರಗಳಲ್ಲಿ ಇದು ಸ್ಪಷ್ಟವಾಗಿ ಕಾಣುತ್ತದೆ. ಸೇರೆ ಸಾಲ್ಮಿನೆನ್ ಮತ್ತು ಎಲ್ಸಾ ಸೊಯ್ನಿ ಇಬ್ಬರೂ ಒಂದೇ ಕಾವ್ಯನಾಮದಲ್ಲಿ ಬರೆದ ಈ ಕುಟುಂಬದ ಕಥೆ 1938ರಿಂದ ರೇಡಿಯೊದಲ್ಲಿ ಬರುತ್ತಿತ್ತು. ಪರದೆಗೆ ಬಂದದ್ದು 1941ರಲ್ಲಿ, ಫಿನ್ಲೆಂಡ್ ಮತ್ತೊಮ್ಮೆ ಯುದ್ಧಕ್ಕಿಳಿದ ವರ್ಷ. ತಾಯಿಯಾಗಿ ಎಲ್ಸಾ ತುರಕೈನೆನ್, ಮಗ ಒಲ್ಲಿಯಾಗಿ ಲಾಸ್ಸೆ ಪೊಯ್ಸ್ತಿ, ಮನೆಗೆಲಸದ ಹಿಲ್ಡಾ ಆಗಿ ಸೀರಿ. ಕಥೆ ಹಿಲ್ಡಾಳದ್ದಲ್ಲ, ಆದರೆ ಯಜಮಾನರ ಮನೆಯ ಸುಖದುಃಖಗಳೆಲ್ಲ ಅವಳ ಅಡುಗೆಮನೆಯನ್ನು ಹಾದೇ ಹೋಗುತ್ತವೆ. ಇತರರು ಮಾತನಾಡುವಾಗ ಸೀರಿ ಕೇಳಿಸಿಕೊಳ್ಳುವ ಬಗೆಯನ್ನು ನಾನು ಮೆಚ್ಚಿದ್ದೇನೆ: ಕೈ ತನ್ನ ಪಾಡಿಗೆ ಕೆಲಸದಲ್ಲಿರುತ್ತದೆ, ಅಭಿಪ್ರಾಯವೆಲ್ಲ ಮುಖದಲ್ಲಿರುತ್ತದೆ.

ಇಂದು ಸಂಜೆ ನೋಡಿದ್ದು 1953ರ ‘ಪೆಕ್ಕಾ ಪೂಪ್ಯಾ’. ಓಲಾ ಫೋಗೆಲ್‌ಬೆರಿ 1925ರಿಂದ ಬರೆಯುತ್ತಿದ್ದ ವ್ಯಂಗ್ಯಚಿತ್ರಕಥೆಯಿಂದ ಹುಟ್ಟಿದ ಈ ಸರಣಿಯಲ್ಲಿ 1960ರವರೆಗೆ ಹದಿಮೂರು ಚಿತ್ರಗಳು ಬಂದವು. ಪೂಪ್ಯಾ ಎಂದರೆ ಮರದ ತಲೆ. ಆ ಪೆದ್ದ ಪೆಕ್ಕಾ ಆಗಿ ಎಸಾ ಪಾಕರಿನೆನ್; ಅವನ ಗಿಡ್ಡ ಗೆಳೆಯ ಪ್ಯಾಟ್ಕ್ಯಾ ಆಗಿ ಮಾಸಾ ನಿಯೆಮಿ; ಲಟ್ಟಣಿಗೆ ಹಿಡಿದ ಹೆಂಡತಿ ಯುಸ್ಟೀನಾ ಆಗಿ ನಮ್ಮ ಸೀರಿ, ಆಗ ಐವತ್ತರ ಹರೆಯ. ಇಂದಿಗೂ ಫಿನ್ನಿಷ್ ಜನ ಅವರನ್ನು ಹೆಚ್ಚಾಗಿ ನೆನೆಯುವುದು ಈ ಪಾತ್ರದಿಂದಲೇ. ಗಂಡನನ್ನು ಹೊಡೆಯುವ ಹೆಂಡತಿಯ ಹಾಸ್ಯ ಹಳಸಲು ಸರಕು ಎಂಬ ಆಕ್ಷೇಪವನ್ನು ನಾನು ಒಪ್ಪುತ್ತೇನೆ. ಆದರೂ ಸೀರಿ ಆ ಸರಕಿನೊಳಗೆ ಒಂದು ನ್ಯಾಯವನ್ನು ಇಟ್ಟಿದ್ದಾರೆ. ಇಬ್ಬರು ಗಂಡಸರು ಕೆಲಸಬಿಟ್ಟು ಊರು ಸುತ್ತುವಾಗ ಸಂಸಾರದ ಲೆಕ್ಕ ಇಡಬೇಕಾದವಳು ಯುಸ್ಟೀನಾ ಒಬ್ಬಳೇ. ಅವಳ ಸಿಟ್ಟಿನ ಹಿಂದೆ ದಣಿವಿದೆ, ದಣಿವಿನ ಹಿಂದೆ ಪೆಕ್ಕಾನ ಮೇಲಿನ ಅಕ್ಕರೆಯಿದೆ. ಅದಿಲ್ಲದಿದ್ದರೆ ಹದಿಮೂರು ಚಿತ್ರಗಳ ಕಾಲ ಪ್ರೇಕ್ಷಕರು ಆ ಮನೆಗೆ ಮತ್ತೆ ಮತ್ತೆ ಬರುತ್ತಿರಲಿಲ್ಲ ಎಂದು ನನ್ನ ದೃಢವಾದ ನಂಬಿಕೆ.

ಅನಂತರದ್ದು ಬೇಗ ಮುಗಿಯುವ ಕಥೆ. ಮನೆಮನೆಗೆ ಟೆಲಿವಿಷನ್ ಬಂತು, 1963ರಲ್ಲಿ ನಟರ ಮುಷ್ಕರ ಆರಂಭವಾಯಿತು, 1965ರಲ್ಲಿ ಸ್ಯಾರ್ಕ್ಯಾ ಅವರ ಸಂಸ್ಥೆ ದಿವಾಳಿಯಾಯಿತು. ಸೀರಿ 1971ರಲ್ಲಿ ತೀರಿಕೊಂಡರು.

ಚಿತ್ರ ಮುಗಿದ ಮೇಲೆ ಪಾತ್ರವರ್ಗದ ಪಟ್ಟಿಯನ್ನು ಮತ್ತೊಮ್ಮೆ ಓದಿದೆ. ಮೊದಲು ಇಬ್ಬರು ಗಂಡಸರ ಹೆಸರು, ಆಮೇಲೆ ಸೀರಿ ಅವರದ್ದು. ನಾಳೆ 1941ರ ಚಿತ್ರವನ್ನು ಹಿಲ್ಡಾಳ ದೃಶ್ಯಗಳಿಗಾಗಿಯೇ ಇನ್ನೊಮ್ಮೆ ನೋಡಬೇಕು.